ಮೇಲ್ಮನವಿ ನಡೆಸದೆ ಬಿಟ್ಟರೆ: ವಜಾ ಆದೇಶ ಮತ್ತು ಅದರ ಪರಿಹಾರ

ಸಿವಿಲ್ ದಾವೆಯಲ್ಲಿ ಸೋತ ಪಕ್ಷಕಾರನಿಗೆ ಮೇಲಿನ ನ್ಯಾಯಾಲಯದ ಮೊರೆ ಹೋಗುವ ಹಕ್ಕನ್ನು ಕಾನೂನು ನೀಡಿದೆ. 1908ರ ಸಿವಿಲ್ ಪ್ರಕ್ರಿಯಾ ಸಂಹಿತೆಯ 96ನೆಯ ಕಲಮು ಮೊದಲನೆಯ ಮೇಲ್ಮನವಿಗೆ ಅವಕಾಶ ಕಲ್ಪಿಸುತ್ತದೆ. ಮಹತ್ವದ ಕಾನೂನು ಪ್ರಶ್ನೆ ಅಡಗಿರುವ ವ್ಯಾಜ್ಯಗಳಲ್ಲಿ 100ನೆಯ ಕಲಮಿನ ಮೇರೆಗೆ ಉಚ್ಚ ನ್ಯಾಯಾಲಯದಲ್ಲಿ ಎರಡನೆಯ ಮೇಲ್ಮನವಿಯನ್ನೂ ಸಲ್ಲಿಸಬಹುದು. ಈ ಹಕ್ಕು ಅಮೂಲ್ಯವಾದುದು. ಆದರೆ ಮೇಲ್ಮನವಿಯನ್ನು ದಾಖಲಿಸಿದ ಮಾತ್ರಕ್ಕೆ ಅದು ತಾನಾಗಿಯೇ ಮುಂದೆ ಸಾಗುವುದಿಲ್ಲ. ಗೊತ್ತುಪಡಿಸಿದ ದಿನದಂದು ಮೇಲ್ಮನವಿದಾರನಾಗಲಿ ಆತನ ವಕೀಲರಾಗಲಿ ಹಾಜರಾಗದಿದ್ದರೆ, ವ್ಯಾಜ್ಯದ ಸತ್ಯಾಸತ್ಯತೆಯನ್ನು ಯಾರೂ ಪರಿಶೀಲಿಸದೆಯೇ ಮೇಲ್ಮನವಿ ವಜಾ ಆಗಬಹುದು. ಹೀಗೆ ವಜಾ ಆದ ಮೇಲ್ಮನವಿಗೆ ಪರಿಹಾರವುಂಟು; ಆದರೆ ಆ ಪರಿಹಾರದ ಅವಧಿ ಬಹಳ ಕಿರಿದು. ಈ ಎರಡು ಸಂಗತಿಗಳನ್ನು ತಿಳಿಯದೆ ಹೊಲ, ಮನೆಗಳನ್ನು ಕಳೆದುಕೊಳ್ಳುವ ಸಂಭವವಿರುವುದರಿಂದ, ಪ್ರತಿಯೊಬ್ಬ ನಾಗರಿಕನೂ ಈ ವಿಷಯವನ್ನು ಅರಿತಿರುವುದು ಅವಶ್ಯಕ.

ಒಂದು ಉದಾಹರಣೆ

ವಾರಾಣಸಿ ನಗರದ ದಕ್ಷಿಣ ಭಾಗದಲ್ಲಿ, ಬನಾರಸ್ ಹಿಂದೂ ವಿಶ್ವವಿದ್ಯಾಲಯದ ಮಹಾದ್ವಾರದ ಎದುರಿಗೆ ಲಂಕಾ ಎಂಬ ಬಡಾವಣೆಯಿದೆ. ಮೈಸೂರಿನ ಮಹಾರಾಜರಾಗಿದ್ದ ನಾಲ್ವಡಿ ಕೃಷ್ಣರಾಜ ಒಡೆಯರು ಈ ವಿಶ್ವವಿದ್ಯಾಲಯದ ಪ್ರಥಮ ಕುಲಾಧಿಪತಿಗಳಾಗಿದ್ದರೆಂಬುದು ಕನ್ನಡಿಗರಿಗೆ ಹೆಮ್ಮೆಯ ವಿಷಯ. ಧಾರವಾಡ ಜಿಲ್ಲೆಯ ಗೃಹಸ್ಥರೊಬ್ಬರು ಉದ್ಯೋಗನಿಮಿತ್ತ ಈ ಲಂಕಾದಲ್ಲಿ ಬಾಡಿಗೆ ಮನೆ ಹಿಡಿದು ವಾಸವಾಗಿದ್ದಾರೆಂದು ಇಟ್ಟುಕೊಳ್ಳಬಹುದು. ಊರಿನ ಪಿತ್ರಾರ್ಜಿತ ಜಮೀನಿನ ಬಗ್ಗೆ ದಾಯಾದಿಗಳು ಹೂಡಿದ ದಾವೆಯಲ್ಲಿ ಅವರಿಗೆ ಸೋಲಾಗಿದೆ. ಅವರು ಧಾರವಾಡದ ವಕೀಲರೊಬ್ಬರಿಗೆ ವಕಾಲತ್ತು ಕೊಟ್ಟು, ಜಿಲ್ಲಾ ನ್ಯಾಯಾಲಯದಲ್ಲಿ ಮೇಲ್ಮನವಿ ಸಲ್ಲಿಸಿ, ಡಿಕ್ರಿಯ ಅಮಲ್ಜಾರಿಗೆ ತಡೆಯಾಜ್ಞೆಯನ್ನೂ ಪಡೆದು ಕೆಲಸಕ್ಕೆ ಮರಳಿದ್ದಾರೆ. ತಡೆಯಾಜ್ಞೆ ದೊರೆತ ಮೇಲೆ ಅವರ ಮನಸ್ಸು ನಿಶ್ಚಿಂತವಾಗಿದೆ.

ಮರುವರ್ಷ ಅವರು ಲಂಕಾದಲ್ಲಿಯೇ ಬೇರೊಂದು ಮನೆಗೆ ಬಿಡಾರ ಬದಲಿಸುತ್ತಾರೆ. ಹೊಸ ವಿಳಾಸವನ್ನು ವಕೀಲರಿಗೆ ತಿಳಿಸುವುದಿಲ್ಲ. ವಕೀಲರು ಬರೆದ ಪತ್ರ ವಿಳಾಸದಾರರಿಲ್ಲವೆಂಬ ಷರಾದೊಡನೆ ಹಿಂದಿರುಗುತ್ತದೆ. ವಿಚಾರಣೆಗೆ ಗೊತ್ತಾಗಿದ್ದ ಜೂನ್ 10ರಂದು ಮೇಲ್ಮನವಿಯನ್ನು ಕೂಗಿದಾಗ ವಕೀಲರೂ ಅನಾರೋಗ್ಯದಿಂದಾಗಿ ನ್ಯಾಯಾಲಯದಲ್ಲಿರುವುದಿಲ್ಲ. ಮೇಲ್ಮನವಿ ಗೈರುಹಾಜರಿಗಾಗಿ ವಜಾ ಆಗುತ್ತದೆ. ಸೆಪ್ಟೆಂಬರ್ ತಿಂಗಳಲ್ಲಿ ಜಮೀನಿನ ಸ್ವಾಧೀನ ಕೊಡಿಸಲು ನ್ಯಾಯಾಲಯದ ಅಮೀನರು ಊರಿಗೆ ಬಂದಾಗಲಷ್ಟೇ ಈ ಸಂಗತಿ ಮನೆಯವರಿಗೆ ತಿಳಿಯುತ್ತದೆ. ಇದು ಕಲ್ಪಿತ ಉದಾಹರಣೆ. ಆದರೆ ಇಲ್ಲಿಯ ಪ್ರತಿಯೊಂದು ಹೆಜ್ಜೆಯೂ ಯಾವುದೇ ಪಕ್ಷಕಾರನಿಗೆ ಒದಗಬಹುದಾದಂಥದು. ಈ ಗೃಹಸ್ಥರ ಸ್ಥಿತಿಯನ್ನು ಮುಂದಿಟ್ಟುಕೊಂಡು ಕಾನೂನು ಏನು ಹೇಳುತ್ತದೆಂಬುದನ್ನು ಕ್ರಮವಾಗಿ ನೋಡಬಹುದು.

ವಜಾ ಮಾಡುವ ಅಧಿಕಾರ

ಸಿವಿಲ್ ಪ್ರಕ್ರಿಯಾ ಸಂಹಿತೆಯ ನಿಯಮಗಳನ್ನು ‘ಆದೇಶ’ಗಳೆಂಬ ವಿಭಾಗಗಳಲ್ಲಿ ಜೋಡಿಸಲಾಗಿದೆ. ಮೇಲ್ಮನವಿಗಳಿಗೆ ಸಂಬಂಧಪಟ್ಟುದು 41ನೆಯ ಆದೇಶ. ಅದರ 17ನೆಯ ನಿಯಮದಂತೆ, ವಿಚಾರಣೆಗೆ ಗೊತ್ತುಪಡಿಸಿದ ದಿನ ಅಥವಾ ಮುಂದೂಡಲ್ಪಟ್ಟ ಬೇರೆ ಯಾವುದೇ ದಿನ ಮೇಲ್ಮನವಿಯನ್ನು ಕೂಗಿದಾಗ ಮೇಲ್ಮನವಿದಾರನು ಹಾಜರಿಲ್ಲದಿದ್ದರೆ ನ್ಯಾಯಾಲಯವು ಅದನ್ನು ವಜಾ ಮಾಡಬಹುದು. ಮೇಲ್ಮನವಿಯನ್ನು ಅಂಗೀಕರಿಸುವ ಪೂರ್ವದ ಪ್ರಾಥಮಿಕ ವಿಚಾರಣೆಯ ದಿನ ಗೈರುಹಾಜರಾದರೂ 11ನೆಯ ನಿಯಮದ ಮೇರೆಗೆ ಇದೇ ಫಲ ಒದಗಬಹುದು. ಪಕ್ಷಕಾರನ ಪರವಾಗಿ ವಕೀಲರು ಹಾಜರಾಗಿ ವಾದ ನಡೆಸಿದರೆ ಪಕ್ಷಕಾರನೇ ಹಾಜರಾದಂತೆ.

ಈ ನಿಯಮದಲ್ಲಿ ಎರಡು ಅಂಶಗಳನ್ನು ಗಮನಿಸಬೇಕು. ಮೊದಲನೆಯದಾಗಿ, ವಜಾ ಮಾಡಲೇಬೇಕೆಂದು ಕಾನೂನು ವಿಧಿಸಿಲ್ಲ. ಮಾಡಬಹುದು ಎಂದಷ್ಟೇ ಹೇಳಿದೆ. ಸಂದರ್ಭವನ್ನು ನೋಡಿ ವಿಚಾರಣೆಯನ್ನು ಇನ್ನೊಂದು ದಿನಕ್ಕೆ ಮುಂದೂಡುವ ವಿವೇಚನೆ ನ್ಯಾಯಾಲಯಕ್ಕಿದೆ. ಎರಡನೆಯದಾಗಿ, ಮೇಲ್ಮನವಿದಾರನು ಗೈರುಹಾಜರಿದ್ದಾಗ ನ್ಯಾಯಾಲಯವು ವ್ಯಾಜ್ಯದ ಗುಣಾವಗುಣಗಳನ್ನು ತಾನೇ ಪರಿಶೀಲಿಸಿ ‘ಮೇಲ್ಮನವಿಯಲ್ಲಿ ಹುರುಳಿಲ್ಲ’ ಎಂದು ತೀರ್ಮಾನಿಸುವಂತಿಲ್ಲ. 1976ರ ತಿದ್ದುಪಡಿಯ ಮೂಲಕ 17ನೆಯ ನಿಯಮಕ್ಕೆ ಸೇರಿಸಿದ ವಿವರಣೆ ಇದನ್ನು ಸ್ಪಷ್ಟಪಡಿಸಿದೆ. ಸರ್ವೋಚ್ಚ ನ್ಯಾಯಾಲಯವು 1996ರಲ್ಲಿಯೂ 2012ರಲ್ಲಿಯೂ 2023ರಲ್ಲಿಯೂ ಇದೇ ಮಾತನ್ನು ಎತ್ತಿಹಿಡಿದಿದೆ.

ಈ ನಿರ್ಬಂಧದ ಉದ್ದೇಶ ಸರಳವಾದುದು. ಕೇವಲ ಗೈರುಹಾಜರಿಗಾಗಿ ವಜಾ ಆದ ಮೇಲ್ಮನವಿಯನ್ನು ಕಾರಣ ತೋರಿಸಿ ಪುನಃ ತೆರೆಸಬಹುದು. ಗುಣಾವಗುಣಗಳ ಮೇಲೆ ತೀರ್ಪಾಗಿಬಿಟ್ಟರೆ ಆ ಹಾದಿ ಮುಚ್ಚಿಹೋಗುತ್ತದೆ. ಪಕ್ಷಕಾರನ ಮಾತನ್ನು ಆಲಿಸದೆ ಆತನ ಹಕ್ಕನ್ನು ಶಾಶ್ವತವಾಗಿ ಇತ್ಯರ್ಥಗೊಳಿಸಬಾರದೆಂಬುದೇ ಇಲ್ಲಿಯ ತತ್ತ್ವ.

ಇದಕ್ಕೆ ವಿರುದ್ಧವಾಗಿ, ಮೇಲ್ಮನವಿದಾರನು ಹಾಜರಿದ್ದು ಎದುರು ಪಕ್ಷದವನು ಗೈರುಹಾಜರಾದರೆ, ಮೇಲ್ಮನವಿಯನ್ನು ಏಕಪಕ್ಷೀಯವಾಗಿ ವಿಚಾರಿಸಲಾಗುತ್ತದೆ. ಕೆಳ ನ್ಯಾಯಾಲಯದಲ್ಲಿ ಗೆದ್ದವನೂ ಮೈಮರೆಯುವಂತಿಲ್ಲವೆಂಬುದು ಇದರಿಂದ ವ್ಯಕ್ತವಾಗುತ್ತದೆ.

ವಜಾ ಆದುದರ ಪರಿಣಾಮ

ಮೇಲ್ಮನವಿ ವಜಾ ಆದೊಡನೆ ಕೆಳ ನ್ಯಾಯಾಲಯದ ಡಿಕ್ರಿ ಹಾಗೆಯೇ ಉಳಿಯುತ್ತದೆ. ಮೇಲ್ಮನವಿಯ ಅವಧಿಗೆಂದು ಕೊಟ್ಟಿದ್ದ ತಡೆಯಾಜ್ಞೆಯ ಆಸರೆಯೂ ತಪ್ಪುತ್ತದೆ. ಡಿಕ್ರಿ ಪಡೆದವನು ಅಮಲ್ಜಾರಿಗೆ ಅರ್ಜಿ ಹಾಕಿ ಜಮೀನಿನ ಸ್ವಾಧೀನವನ್ನೋ ಹಣವನ್ನೋ ಕೇಳಬಹುದು. ಲಂಕಾದ ಗೃಹಸ್ಥರ ಊರಿಗೆ ಅಮೀನರು ಬಂದುದು ಈ ಕಾರಣದಿಂದಲೇ.

ಪರಿಣಾಮವು ಇಷ್ಟಕ್ಕೇ ನಿಲ್ಲದಿರಬಹುದು. 1966ರಲ್ಲಿ ಸರ್ವೋಚ್ಚ ನ್ಯಾಯಾಲಯವು ತೀರ್ಮಾನಿಸಿದ ಶಿವದಾನ್ ಸಿಂಗ್ ಪ್ರಕರಣ ಇದಕ್ಕೆ ನಿದರ್ಶನ. ಉತ್ತರ ಪ್ರದೇಶದಲ್ಲಿ ಒಂದೇ ಆಸ್ತಿಯ ಸುತ್ತ ಹೂಡಲಾಗಿದ್ದ ದಾವೆಗಳಿಂದ ಹುಟ್ಟಿದ ಮೇಲ್ಮನವಿಗಳು ಅಲಹಾಬಾದ್ ಉಚ್ಚ ನ್ಯಾಯಾಲಯದಲ್ಲಿದ್ದವು. ಅವುಗಳಲ್ಲಿ ಒಂದು ಅವಧಿ ಮೀರಿದ್ದಕ್ಕಾಗಿಯೂ ಇನ್ನೊಂದು ದಾಖಲೆಗಳ ಮುದ್ರಣಕ್ಕೆ ಕ್ರಮ ಕೈಗೊಳ್ಳದ್ದಕ್ಕಾಗಿಯೂ ವಜಾ ಆದವು. ಉಳಿದ ಮೇಲ್ಮನವಿಗಳನ್ನಾದರೂ ವಿಚಾರಿಸಬೇಕೆಂದು ಮೇಲ್ಮನವಿದಾರನು ಕೋರಿದಾಗ, ವಜಾ ಆದ ಮೇಲ್ಮನವಿಗಳಿಂದಾಗಿ ಕೆಳ ನ್ಯಾಯಾಲಯದ ನಿರ್ಣಯವೇ ಅಂತಿಮವಾಗಿದೆ, ಅದೇ ಪ್ರಶ್ನೆಯನ್ನು ಉಳಿದವುಗಳಲ್ಲಿ ಮತ್ತೆ ಎತ್ತಲಾಗದು ಎಂದು ಸರ್ವೋಚ್ಚ ನ್ಯಾಯಾಲಯ ಹೇಳಿತು. ಒಮ್ಮೆ ಅಂತಿಮವಾಗಿ ತೀರ್ಮಾನವಾದುದನ್ನು ಅದೇ ಪಕ್ಷಕಾರರ ನಡುವೆ ಮತ್ತೆ ವಿಚಾರಿಸಬಾರದೆಂಬ ಪೂರ್ವನಿರ್ಣಯ ತತ್ತ್ವವನ್ನು ಇಲ್ಲಿ ಅನ್ವಯಿಸಲಾಯಿತು. ಒಂದೇ ಆಸ್ತಿಗೆ ಸಂಬಂಧಿಸಿ ಎರಡು ಮೂರು ಮೇಲ್ಮನವಿಗಳಿರುವವರು ‘ಒಂದು ಹೋದರೂ ಇನ್ನೊಂದಿದೆ’ ಎಂದು ನಂಬಿ ಕೂರಬಾರದು. ಒಂದರ ನಿರ್ಲಕ್ಷ್ಯವು ಎಲ್ಲವನ್ನೂ ಮುಳುಗಿಸಬಹುದು.

ಪುನಃ ಅಂಗೀಕರಿಸಲು ಅರ್ಜಿ

ಗೈರುಹಾಜರಿಗಾಗಿ ಮಾಡಿದ ವಜಾ ಆದೇಶವು ಸಂಹಿತೆಯ 2ನೆಯ ಕಲಮಿನ ಪ್ರಕಾರ ‘ಡಿಕ್ರಿ’ ಎನಿಸುವುದಿಲ್ಲ. ಆದುದರಿಂದ ಡಿಕ್ರಿಯ ವಿರುದ್ಧ ಹೋಗುವಂತೆ ಅದರ ಮೇಲೆ ನೇರವಾಗಿ ಮೇಲ್ಮನವಿ ಸಲ್ಲಿಸಲಾಗದು. ಅದಕ್ಕೆ ಬದಲಾಗಿ 41ನೆಯ ಆದೇಶದ 19ನೆಯ ನಿಯಮದ ಮೇರೆಗೆ, ವಜಾ ಮಾಡಿದ ನ್ಯಾಯಾಲಯಕ್ಕೇ ಅರ್ಜಿ ಸಲ್ಲಿಸಿ ಮೇಲ್ಮನವಿಯನ್ನು ಪುನಃ ಅಂಗೀಕರಿಸುವಂತೆ ಕೇಳಬೇಕು. ಮೇಲ್ಮನವಿಯನ್ನು ಕೂಗಿದ ಹೊತ್ತಿನಲ್ಲಿ ಹಾಜರಾಗದಿರುವುದಕ್ಕೆ ಸಾಕಷ್ಟು ಕಾರಣವಿತ್ತೆಂದು ರುಜುವಾತಾದರೆ ನ್ಯಾಯಾಲಯವು ಅದನ್ನು ಪುನಃ ಅಂಗೀಕರಿಸತಕ್ಕದ್ದು. ಎದುರು ಪಕ್ಷದವನಿಗೆ ಆದ ತೊಂದರೆಗಾಗಿ ಖರ್ಚು ಕೊಡಬೇಕೆಂಬ ಷರತ್ತನ್ನು ವಿಧಿಸಬಹುದು.

ಈ ಅರ್ಜಿಗೆ 1963ರ ಕಾಲಪರಿಮಿತಿ ಅಧಿನಿಯಮದ 122ನೆಯ ಅನುಚ್ಛೇದವು 30 ದಿನಗಳ ಅವಧಿಯನ್ನು ಗೊತ್ತುಪಡಿಸಿದೆ. ಅವಧಿಯು ವಜಾ ಆದ ದಿನಾಂಕದಿಂದ ಆರಂಭವಾಗುತ್ತದೆಯೇ ಹೊರತು ಪಕ್ಷಕಾರನಿಗೆ ಸುದ್ದಿ ತಿಳಿದ ದಿನಾಂಕದಿಂದಲ್ಲ. ಈ ವ್ಯತ್ಯಾಸ ತಿಳಿಯದೆ ಅನೇಕರು ಎಡವುತ್ತಾರೆ. ಮೇಲಿನ ಉದಾಹರಣೆಯಲ್ಲಿ ಜೂನ್ 10ರಂದು ವಜಾ ಆದುದರಿಂದ, ಆ ದಿನವನ್ನು ಬಿಟ್ಟು ಎಣಿಸಿದರೆ ಜುಲೈ 10 ಕೊನೆಯ ದಿನ. ಅಂದು ನ್ಯಾಯಾಲಯಕ್ಕೆ ರಜೆಯಿದ್ದರೆ ಮತ್ತೆ ತೆರೆದ ದಿನ ಅರ್ಜಿ ಕೊಡಬಹುದು. ಗೃಹಸ್ಥರಿಗೆ ವಿಷಯ ತಿಳಿದುದು ಸೆಪ್ಟೆಂಬರಿನಲ್ಲಿ. ಹಾಗೆಂದು ದಾರಿ ಸಂಪೂರ್ಣ ಮುಚ್ಚಿತೆಂದಲ್ಲ. ಅದೇ ಅಧಿನಿಯಮದ 5ನೆಯ ಕಲಮಿನಡಿಯಲ್ಲಿ ವಿಳಂಬವನ್ನು ಮನ್ನಿಸುವಂತೆ ಇನ್ನೊಂದು ಅರ್ಜಿಯನ್ನು ಜೊತೆಗೆ ಸಲ್ಲಿಸಬೇಕು. ಆಗ ಅವರು ಎರಡು ಸಂಗತಿಗಳಿಗೆ ಉತ್ತರ ಕೊಡಬೇಕಾಗುತ್ತದೆ: ಜೂನ್ 10ರಂದು ಏಕೆ ಹಾಜರಾಗಲಿಲ್ಲ ಮತ್ತು ಜುಲೈ 10ರೊಳಗೆ ಏಕೆ ಅರ್ಜಿ ಹಾಕಲಿಲ್ಲ.

ಪುನಃ ಅಂಗೀಕರಿಸಲು ನ್ಯಾಯಾಲಯವು ನಿರಾಕರಿಸಿದರೆ, ಆ ನಿರಾಕರಣೆಯ ಮೇಲೆ ಸಂಹಿತೆಯ 43ನೆಯ ಆದೇಶದ ಮೇರೆಗೆ ಮೇಲ್ಮನವಿ ಸಲ್ಲಿಸಲು ಅವಕಾಶವಿದೆ.

ಸಾಕಷ್ಟು ಕಾರಣ ಎಂದರೇನು?

‘ಸಾಕಷ್ಟು ಕಾರಣ’ ಎಂಬುದಕ್ಕೆ ಕಾನೂನು ಪಟ್ಟಿ ಕೊಟ್ಟಿಲ್ಲ. ಆಯಾ ಸಂದರ್ಭವನ್ನು ನೋಡಿ ನ್ಯಾಯಾಲಯವೇ ನಿರ್ಧರಿಸುತ್ತದೆ. ತೀವ್ರ ಅನಾರೋಗ್ಯ, ಕುಟುಂಬದಲ್ಲಿ ಸಂಭವಿಸಿದ ಸಾವು, ಪ್ರವಾಹದಿಂದ ಸಂಚಾರ ನಿಂತುಹೋದುದು, ದಿನಾಂಕದ ಬಗ್ಗೆ ಪ್ರಾಮಾಣಿಕವಾಗಿ ಆದ ತಪ್ಪು ತಿಳಿವಳಿಕೆ ಮುಂತಾದವು ರುಜುವಾತಾದರೆ ಪರಿಗಣನೆಗೆ ಬರಬಹುದು. ವಕೀಲರ ತಪ್ಪಿಗೆ ಪಕ್ಷಕಾರನು ಹೊಣೆಯೇ ಎಂಬ ಪ್ರಶ್ನೆ ಮಾತ್ರ ನ್ಯಾಯಾಲಯಗಳ ಮುಂದೆ ಮತ್ತೆ ಮತ್ತೆ ಬಂದಿದೆ. ಇದಕ್ಕೆ ಸಂಬಂಧಿಸಿದ ಎರಡು ತೀರ್ಪುಗಳನ್ನು ಒಟ್ಟಿಗೆ ಓದುವುದು ಉಪಯುಕ್ತ.

ಮೊದಲನೆಯದು 1981ರ ರಫೀಕ್ ವಿರುದ್ಧ ಮುನ್ಶಿಲಾಲ್ ಪ್ರಕರಣ. ಇದೂ ಅಲಹಾಬಾದ್ ಉಚ್ಚ ನ್ಯಾಯಾಲಯದಿಂದ ಬಂದುದು. ಮೇಲ್ಮನವಿದಾರನ ವಕೀಲರು ಹಾಜರಿಲ್ಲದಾಗ ಉಚ್ಚ ನ್ಯಾಯಾಲಯವು ಮೇಲ್ಮನವಿಯನ್ನು ಇತ್ಯರ್ಥಪಡಿಸಿತ್ತು; ಆ ಆದೇಶವನ್ನು ಹಿಂಪಡೆಯಬೇಕೆಂಬ ಕೋರಿಕೆಯನ್ನೂ ನಿರಾಕರಿಸಿತ್ತು. ಸರ್ವೋಚ್ಚ ನ್ಯಾಯಾಲಯವು ಇದನ್ನು ರದ್ದುಗೊಳಿಸಿತು. ದೂರದ ಹಳ್ಳಿಯಲ್ಲಿರುವ, ನ್ಯಾಯಾಲಯದ ಕಾರ್ಯವಿಧಾನವನ್ನರಿಯದ ಪಕ್ಷಕಾರನು ವಕೀಲರನ್ನು ನೇಮಿಸಿ, ವಿವರಗಳನ್ನು ತಿಳಿಸಿ, ಶುಲ್ಕ ಕೊಟ್ಟ ಮೇಲೆ ತನ್ನಿಂದಾಗುವುದನ್ನು ಮಾಡಿದಂತಾಯಿತು. ವಕೀಲರು ಬಂದರೋ ಇಲ್ಲವೋ ಎಂದು ಕಾವಲು ಕಾಯಲು ಆತನು ಉಚ್ಚ ನ್ಯಾಯಾಲಯದವರೆಗೆ ಪ್ರಯಾಣ ಮಾಡಬೇಕಾಗಿಲ್ಲ ಎಂಬುದು ತೀರ್ಪಿನ ತಾತ್ಪರ್ಯ. ಎದುರು ಪಕ್ಷಕ್ಕೆ ಸಲ್ಲಬೇಕಾದ 200 ರೂಪಾಯಿಗಳ ಖರ್ಚನ್ನು ಗೈರುಹಾಜರಾದ ವಕೀಲರಿಂದಲೇ ವಸೂಲು ಮಾಡಲು ನ್ಯಾಯಾಲಯ ಆದೇಶಿಸಿತು.

ಎರಡನೆಯದು 1993ರ ಸಲಿಲ್ ದತ್ತ ಪ್ರಕರಣ. ಕಲ್ಕತ್ತೆಯಲ್ಲಿಯೇ ನೋಂದಾಯಿತ ಕಚೇರಿಯಿದ್ದ ಖಾಸಗಿ ಕಂಪನಿಯೊಂದು, ವಕೀಲರ ಸಲಹೆಯಂತೆ ತಾನು ವಿಚಾರಣೆಗೆ ಹಾಜರಾಗಲಿಲ್ಲವೆಂದು ವಾದಿಸಿತು. ಇದು ಮೇಲ್ಮನವಿಯಲ್ಲ, ದಾವೆಯಲ್ಲಾದ ಏಕಪಕ್ಷೀಯ ಡಿಕ್ರಿಯನ್ನು ರದ್ದುಪಡಿಸಬೇಕೆಂಬ ಕೋರಿಕೆ. ಆದರೆ ಪ್ರಶ್ನೆ ಒಂದೇ ಆಗಿತ್ತು. ವಕೀಲರ ತಪ್ಪಿಗೆ ಪಕ್ಷಕಾರನು ನರಳಬಾರದೆಂಬುದು ಎಲ್ಲ ಸಂದರ್ಭಗಳಿಗೂ ಅನ್ವಯಿಸುವ ನಿಯಮವಲ್ಲವೆಂದು ಸರ್ವೋಚ್ಚ ನ್ಯಾಯಾಲಯ ಸ್ಪಷ್ಟಪಡಿಸಿತು. ಕಂಪನಿಯನ್ನು ನಡೆಸುವವರು ಏನೂ ಅರಿಯದ ಹಳ್ಳಿಗರಲ್ಲ. ಅವರು ತಮ್ಮ ವ್ಯವಹಾರದ ಬಗ್ಗೆ ಎಚ್ಚರದಿಂದಿರಬೇಕಾಗಿತ್ತು ಎಂದು ಕೋರಿಕೆಯನ್ನು ತಳ್ಳಿಹಾಕಿತು.

ಈ ಎರಡನ್ನೂ ಜೊತೆಗಿಟ್ಟು ನೋಡಿದಾಗ ಲಂಕಾದ ಗೃಹಸ್ಥರ ಸ್ಥಾನ ಎಲ್ಲಿದೆಯೆಂಬುದು ತಿಳಿಯುತ್ತದೆ. ಅವರು ನ್ಯಾಯಾಲಯದಿಂದ ಬಹಳ ದೂರವಿದ್ದವರು. ಅವರ ವಕೀಲರು ನಿಜವಾಗಿಯೂ ಅಸ್ವಸ್ಥರಾಗಿದ್ದರು. ಇವು ಅವರ ಪರವಾದ ಅಂಶಗಳು. ಆದರೆ ಅವರು ವಿದ್ಯಾವಂತರು. ವಿಳಾಸ ಬದಲಾದುದನ್ನು ತಿಳಿಸದಿದ್ದುದು ಅವರದೇ ತಪ್ಪು. ಎದುರು ಪಕ್ಷದವರು ಈ ಅಂಶವನ್ನೇ ಒತ್ತಿ ಹೇಳುವರು. ವಕೀಲರ ವೈದ್ಯಕೀಯ ಪ್ರಮಾಣಪತ್ರ, ಹಿಂದಿರುಗಿದ ಅಂಚೆ ಲಕೋಟೆ, ಸುದ್ದಿ ತಿಳಿದ ದಿನವನ್ನು ತೋರಿಸುವ ದಾಖಲೆ, ಅದಾದ ಮೇಲೆ ತಡಮಾಡದೆ ಊರಿಗೆ ಬಂದುದಕ್ಕೆ ಆಧಾರವಾದ ರೈಲ್ವೆ ಟಿಕೀಟು ಇವೆಲ್ಲವನ್ನೂ ಅವರು ಪ್ರಮಾಣಪತ್ರದೊಡನೆ ಹಾಜರುಪಡಿಸಬೇಕಾಗುತ್ತದೆ. ‘ಕೆಲಸದ ಒತ್ತಡದಿಂದ ಬರಲಾಗಲಿಲ್ಲ’ ಎಂಬ ಒಂದು ವಾಕ್ಯದ ಸಮಜಾಯಿಷಿ ಸಾಲದು.

ವಿಳಂಬದ ವಿಷಯದಲ್ಲಿ ನ್ಯಾಯಾಲಯಗಳು ಸಾಮಾನ್ಯವಾಗಿ ಉದಾರ ದೃಷ್ಟಿ ತಳೆಯುತ್ತವೆ. 1987ರಲ್ಲಿ ಅನಂತನಾಗ್‌ನ ಭೂಸ್ವಾಧೀನ ಪ್ರಕರಣವೊಂದರಲ್ಲಿ ನಾಲ್ಕು ದಿನಗಳ ವಿಳಂಬವನ್ನು ಮನ್ನಿಸುತ್ತ ಸರ್ವೋಚ್ಚ ನ್ಯಾಯಾಲಯವು, ಪ್ರತಿದಿನದ ವಿಳಂಬಕ್ಕೂ ಲೆಕ್ಕ ಕೇಳುವ ಶುಷ್ಕ ಧೋರಣೆ ಸಲ್ಲದೆಂದು ಹೇಳಿತು. ವಿಳಂಬ ಎಷ್ಟು ದಿನದ್ದೆಂಬುದಕ್ಕಿಂತ ಕೊಟ್ಟ ಕಾರಣ ನಂಬಲರ್ಹವೇ ಎಂಬುದು ಮುಖ್ಯವೆಂದು 1998ರ ಇನ್ನೊಂದು ತೀರ್ಪು ತಿಳಿಸಿತು. ಆದರೆ ಈ ಔದಾರ್ಯಕ್ಕೂ ಮಿತಿಯಿದೆ. 2012ರಲ್ಲಿ ಅಂಚೆ ಇಲಾಖೆಯು 427 ದಿನ ತಡವಾಗಿ ಸಲ್ಲಿಸಿದ ಮೇಲ್ಮನವಿಯನ್ನು ಸರ್ವೋಚ್ಚ ನ್ಯಾಯಾಲಯ ಅಂಗೀಕರಿಸಲಿಲ್ಲ. ಕಡತಗಳ ಓಡಾಟವೆಂಬ ಕಾರಣಕ್ಕೆ ಸರ್ಕಾರಕ್ಕೂ ವಿಶೇಷ ರಿಯಾಯಿತಿಯಿಲ್ಲವೆಂದು ಆಗ ಸ್ಪಷ್ಟವಾಯಿತು.

ಪಕ್ಷಕಾರನು ಮೃತನಾದರೆ

ಮೇಲ್ಮನವಿ ಕೈತಪ್ಪುವ ಇನ್ನೊಂದು ಬಗೆಯನ್ನೂ ಇಲ್ಲಿ ಹೇಳಬೇಕು. ಮೇಲ್ಮನವಿದಾರನಾಗಲಿ ಎದುರು ಪಕ್ಷದವನಾಗಲಿ ಮೃತನಾದರೆ, ಸಾವಿನ ದಿನಾಂಕದಿಂದ 90 ದಿನಗಳೊಳಗೆ ಆತನ ಕಾನೂನುಬದ್ಧ ವಾರಸುದಾರರನ್ನು ದಾಖಲೆಗೆ ತರಲು ಅರ್ಜಿ ಸಲ್ಲಿಸಬೇಕು. ಹಾಗೆ ಮಾಡದಿದ್ದರೆ ಆ ವ್ಯಕ್ತಿಯ ಮಟ್ಟಿಗೆ ಮೇಲ್ಮನವಿ ತಾನಾಗಿಯೇ ಕೊನೆಗೊಳ್ಳುತ್ತದೆ. ಇದಕ್ಕೆ ಪ್ರತ್ಯೇಕ ಆದೇಶವೂ ಬೇಕಾಗಿಲ್ಲ. ಹೀಗೆ ಕೊನೆಗೊಂಡುದನ್ನು ರದ್ದುಪಡಿಸಲು ಮುಂದಿನ 60 ದಿನಗಳೊಳಗೆ ಅರ್ಜಿ ಹಾಕಬಹುದು. ಅದೂ ಮೀರಿದರೆ ವಿಳಂಬಕ್ಕೆ ಕಾರಣ ತೋರಿಸಬೇಕು. ತನ್ನ ಪಕ್ಷಕಾರನು ಮೃತನಾದುದು ತಿಳಿದೊಡನೆ ನ್ಯಾಯಾಲಯಕ್ಕೆ ತಿಳಿಸುವುದು ವಕೀಲರ ಕರ್ತವ್ಯವೆಂದು ಸಂಹಿತೆಯ 22ನೆಯ ಆದೇಶ ವಿಧಿಸಿದೆ. ಆದರೆ ಸಾವಿನ ಸುದ್ದಿಯನ್ನು ಮೊದಲು ವಕೀಲರಿಗೆ ಮುಟ್ಟಿಸಬೇಕಾದವರು ಮನೆಯವರೇ. ಉತ್ತರಕ್ರಿಯೆಗಳು ಮುಗಿದ ಕೂಡಲೆ, ಮರಣ ಪ್ರಮಾಣಪತ್ರ ಮತ್ತು ವಾರಸುದಾರರ ಹೆಸರು, ವಿಳಾಸಗಳೊಡನೆ ವಕೀಲರನ್ನು ಕಾಣುವುದು ಉಚಿತ.

ಪಕ್ಷಕಾರರು ವಹಿಸಬೇಕಾದ ಎಚ್ಚರಿಕೆ

ವಜಾ ಆದ ಮೇಲೆ ಪರಿಹಾರ ಹುಡುಕುವುದಕ್ಕಿಂತ ವಜಾ ಆಗದಂತೆ ನೋಡಿಕೊಳ್ಳುವುದು ಸುಲಭ. ಅದಕ್ಕೆ ಈ ಕೆಳಗಿನ ಕ್ರಮಗಳು ನೆರವಾಗುತ್ತವೆ:

1. ಮೇಲ್ಮನವಿಯ ಸಂಖ್ಯೆ, ವರ್ಷ, ನ್ಯಾಯಾಲಯದ ಹೆಸರು ಹಾಗೂ ಮುಂದಿನ ವಾಯಿದೆಯ ದಿನಾಂಕವನ್ನು ಒಂದು ಪುಸ್ತಕದಲ್ಲಿ ಬರೆದಿಡಬೇಕು. ಮನೆಯ ಇನ್ನೊಬ್ಬರಿಗೂ ಅದು ತಿಳಿದಿರಬೇಕು.

2. ವಿಳಾಸ ಅಥವಾ ದೂರವಾಣಿ ಸಂಖ್ಯೆ ಬದಲಾದೊಡನೆ ವಕೀಲರಿಗೆ ಲಿಖಿತವಾಗಿ ತಿಳಿಸಿ, ಅದರ ಪ್ರತಿಯನ್ನು ಇಟ್ಟುಕೊಳ್ಳಬೇಕು.

3. ನೋಟೀಸಿನ ಶುಲ್ಕವನ್ನು ಕಟ್ಟುವುದು, ಕಚೇರಿಯು ಎತ್ತಿದ ಆಕ್ಷೇಪಣೆಗಳನ್ನು ಸರಿಪಡಿಸುವುದು ಮುಂತಾದ ಕೆಲಸಗಳಿಗೆ ನ್ಯಾಯಾಲಯ ಕೊಟ್ಟ ಗಡುವನ್ನು ಮೀರಬಾರದು. ಇವುಗಳಲ್ಲಿ ತಪ್ಪಿದರೂ ಮೇಲ್ಮನವಿಯನ್ನು ಮುಂದುವರಿಸಲಿಲ್ಲವೆಂಬ ಕಾರಣಕ್ಕೆ ವಜಾ ಆಗಬಹುದು.

4. ಪ್ರತಿಯೊಂದು ಪ್ರಕರಣಕ್ಕೂ ಇಂದು 16 ಅಕ್ಷರ ಹಾಗೂ ಅಂಕಿಗಳ ಸಿ.ಎನ್.ಆರ್. ಸಂಖ್ಯೆಯಿರುತ್ತದೆ. ಇ-ಕೋರ್ಟ್ಸ್ ಸೇವೆಯಲ್ಲಿ ಈ ಸಂಖ್ಯೆಯನ್ನು ನಮೂದಿಸಿ, ಪ್ರಕರಣದ ಹಂತ ಮತ್ತು ಮುಂದಿನ ದಿನಾಂಕವನ್ನು ಎಲ್ಲಿಂದ ಬೇಕಾದರೂ ಮೊಬೈಲಿನಲ್ಲಿಯೇ ನೋಡಬಹುದು. ಲಂಕಾದಲ್ಲಿರುವವರಿಗೂ ಧಾರವಾಡದ ವಾಯಿದೆ ಈಗ ಅಜ್ಞಾತವಲ್ಲ. 1981ರ ಪಕ್ಷಕಾರನಿಗೆ ಈ ಅನುಕೂಲವಿರಲಿಲ್ಲ. ಆದುದರಿಂದ ‘ತಿಳಿಯಲಿಲ್ಲ’ ಎಂಬ ಸಮಜಾಯಿಷಿಯನ್ನು ನಂಬಿಸುವುದು ಇಂದು ಹಿಂದಿಗಿಂತ ಕಷ್ಟವಾಗಬಹುದು.

5. ವಜಾ ಆದುದು ತಿಳಿದ ದಿನವೇ ಆದೇಶದ ದೃಢೀಕೃತ ಪ್ರತಿಗೆ ಅರ್ಜಿ ಹಾಕಿ ವಕೀಲರನ್ನು ಕಾಣಬೇಕು. ಅಮಲ್ಜಾರಿಯ ಭಯವಿದ್ದರೆ, ಪುನಃ ಅಂಗೀಕರಿಸುವ ಅರ್ಜಿಯ ಜೊತೆಗೆ ತಡೆಯಾಜ್ಞೆಯನ್ನೂ ಪ್ರತ್ಯೇಕವಾಗಿ ಕೇಳುವುದು ಕ್ಷೇಮ.

6. ಹಣದ ಅಡಚಣೆಯಿಂದ ಮೇಲ್ಮನವಿಯನ್ನು ಕೈಬಿಡಬಾರದು. 1987ರ ಕಾನೂನು ಸೇವೆಗಳ ಪ್ರಾಧಿಕಾರ ಅಧಿನಿಯಮದ 12ನೆಯ ಕಲಮಿನಂತೆ ಮಹಿಳೆಯರು, ಮಕ್ಕಳು, ಅನುಸೂಚಿತ ಜಾತಿ ಹಾಗೂ ಪಂಗಡಗಳಿಗೆ ಸೇರಿದವರು, ಅಂಗವಿಕಲರು, ಕೈಗಾರಿಕಾ ಕಾರ್ಮಿಕರು, ವಿಪತ್ತಿಗೆ ಈಡಾದವರು ಮತ್ತು ಗೊತ್ತುಪಡಿಸಿದ ಮಿತಿಗಿಂತ ಕಡಿಮೆ ವರಮಾನವುಳ್ಳವರು ಉಚಿತ ಕಾನೂನು ನೆರವಿಗೆ ಅರ್ಹರು. ತಾಲ್ಲೂಕು ಮತ್ತು ಜಿಲ್ಲಾ ನ್ಯಾಯಾಲಯಗಳಲ್ಲಿರುವ ಕಾನೂನು ಸೇವೆಗಳ ಕಚೇರಿಯಲ್ಲಿ ಅರ್ಜಿ ಕೊಡಬಹುದು. 15100 ಎಂಬ ಸಹಾಯವಾಣಿಗೂ ಕರೆ ಮಾಡಬಹುದು.

ಉಪಸಂಹಾರ

ವ್ಯಾಜ್ಯಗಳು ವರ್ಷಗಟ್ಟಲೆ ಉಳಿಯಬಾರದೆಂಬುದು ಸಮಾಜದ ಹಿತ. ಯಾರ ಮಾತನ್ನೂ ಆಲಿಸದೆ ತೀರ್ಮಾನ ಮಾಡಬಾರದೆಂಬುದು ನ್ಯಾಯದ ಮೂಲಧರ್ಮ. ಗೈರುಹಾಜರಿಗಾಗಿ ವಜಾ ಮಾಡುವ ಅಧಿಕಾರವು ಮೊದಲನೆಯದನ್ನೂ ಪುನಃ ಅಂಗೀಕರಿಸುವ ನಿಯಮವು ಎರಡನೆಯದನ್ನೂ ಕಾಪಾಡುತ್ತವೆ. ಗೆದ್ದ ಪಕ್ಷಕಾರನು ತನ್ನ ಡಿಕ್ರಿಯ ಫಲಕ್ಕಾಗಿ ಕೊನೆಯಿಲ್ಲದೆ ಕಾಯುವುದು ಹೇಗೆ ಸಲ್ಲದೋ, ಹಾಗೆಯೇ ಒಂದು ದಿನದ ತಪ್ಪಿಗೆ ಸೋತವನು ತನ್ನ ಅಹವಾಲನ್ನು ಹೇಳಿಕೊಳ್ಳುವ ಅವಕಾಶವನ್ನೇ ಕಳೆದುಕೊಳ್ಳುವುದೂ ಸಲ್ಲದು. ಇವೆರಡರ ನಡುವೆ ಕಾನೂನು ಮೂವತ್ತು ದಿನಗಳ ಕಾಲಾವಕಾಶವನ್ನು ಇಟ್ಟಿದೆ. ಲಂಕಾದ ಗೃಹಸ್ಥರು ಹೊಸ ವಿಳಾಸವನ್ನು ಒಂದು ಕಾರ್ಡಿನಲ್ಲಿ ಬರೆದು ಧಾರವಾಡಕ್ಕೆ ಕಳುಹಿಸಿದ್ದರೆ ಅವರಿಗೆ ಆ ಮೂವತ್ತು ದಿನಗಳ ಲೆಕ್ಕವೇ ಬೇಕಾಗುತ್ತಿರಲಿಲ್ಲ. ಮೇಲ್ಮನವಿ ಸಲ್ಲಿಸಿದ ಪ್ರತಿಯೊಬ್ಬರೂ ತಮ್ಮ ಮುಂದಿನ ವಾಯಿದೆ ಯಾವ ದಿನವೆಂಬುದನ್ನು ಇಂದೇ ವಿಚಾರಿಸಿ ಬರೆದಿಟ್ಟುಕೊಳ್ಳುವುದು ಒಳ್ಳೆಯದು.